ದೇವರ ಹೆಸರಿನಲ್ಲಿ ಕೂಟಶಾಸನ

ಜೀರ್ಣೋದ್ಧಾರವು ಪುಣ್ಯಕಾರ್ಯಗಳಲ್ಲಿ ಶ್ರೇಷ್ಠವಾದುದೆಂಬುದು ಹಿರಿಯರ ನಂಬುಗೆ. ಹೊಸ ಗುಡಿಯನ್ನು ಕಟ್ಟಿಸುವುದಕ್ಕಿಂತ ಶಿಥಿಲವಾದ ಗುಡಿಯನ್ನು ಎತ್ತಿ ನಿಲ್ಲಿಸುವುದು ಹೆಚ್ಚಿನ ಫಲದಾಯಕವೆಂದು ಅವರು ಹೇಳುತ್ತಿದ್ದರು. ಇಂತಹ ಕಾರ್ಯ ನಡೆಯುವಾಗ ತಲೆತಲಾಂತರದ ಸುಣ್ಣವನ್ನು ಕೆರೆಯುತ್ತಾರೆ, ನೆಲಹಾಸಿನ ಚಪ್ಪಡಿಗಳನ್ನು ಎತ್ತುತ್ತಾರೆ, ಬಾಗಿಲವಾಡವನ್ನು ಸರಿಪಡಿಸುತ್ತಾರೆ. ಆಗ ಅಕ್ಷರಗಳುಳ್ಳ ಕಲ್ಲೊಂದು ಕಣ್ಣಿಗೆ ಬೀಳುವುದುಂಟು. ಯಾರದೋ ಪೆಟ್ಟಿಗೆಯಲ್ಲಿದ್ದ ತಾಮ್ರದ ತಗಡುಗಳು ಹೊರಗೆ ಬರುವುದೂ ಉಂಟು. ಗುಡಿ ಎಷ್ಟು ಹಳೆಯದು, ಅದನ್ನು ಕಟ್ಟಿಸಿದವರಾರು, ಭೂಮಿಯನ್ನು ಬಿಟ್ಟವರಾರು ಎಂಬ ಪ್ರಶ್ನೆಗಳು ಊರವರ ಮನಸ್ಸಿನಲ್ಲಿ ಏಳುವುದು ಆಗಲೇ. ಉತ್ತರ ದೊರೆತರೆ ಸಂತೋಷ. ದೊರೆಯದಿದ್ದರೆ ಒಂದು ಉತ್ತರವನ್ನು ಕಟ್ಟಿಯಾದರೂ ಕೊಡಬೇಕೆಂಬ ಆಸೆ ಹುಟ್ಟುವುದು ಮನುಷ್ಯಸಹಜ. ದೇವರ ಕೀರ್ತಿಯನ್ನು ಹೆಚ್ಚಿಸುವುದಕ್ಕಾಗಿ ಹೇಳಿದ ಸುಳ್ಳು ಸುಳ್ಳೇ ಅಲ್ಲವೆಂದು ಕೆಲವರು ಸಮಾಧಾನಪಟ್ಟುಕೊಳ್ಳುತ್ತಾರೆ. ಈ ಸಮಾಧಾನವು ಧರ್ಮಸಮ್ಮತವೇ ಎಂಬುದು ಆಸ್ತಿಕರು ಅವಶ್ಯವಾಗಿ ವಿಚಾರಿಸಬೇಕಾದ ಪ್ರಶ್ನೆ.

ಮೊದಲು ಶಾಸನವೆಂದರೆ ಏನೆಂಬುದನ್ನು ತಿಳಿಯಬೇಕು. ರಾಜನು ಭೂಮಿಯನ್ನು ದಾನಮಾಡಿದಾಗ ಮುಂದೆ ಬರುವ ಅರಸರಿಗೆ ಅದು ತಿಳಿಯಲೆಂದು ಬಟ್ಟೆಯ ಮೇಲಾಗಲಿ ತಾಮ್ರದ ಹಲಗೆಯ ಮೇಲಾಗಲಿ ಬರೆಯಿಸಬೇಕೆಂದು ಯಾಜ್ಞವಲ್ಕ್ಯಸ್ಮೃತಿಯು ವಿಧಿಸಿದೆ. ಅದರಲ್ಲಿ ರಾಜನ ಮುದ್ರೆಯಿರಬೇಕು. ಅವನ ಪೂರ್ವಿಕರ ಹೆಸರು, ಅವನ ಹೆಸರು, ದಾನದ ಪ್ರಮಾಣ, ಎಲ್ಲೆಕಟ್ಟು, ಸ್ವಹಸ್ತದ ಗುರುತು, ಕಾಲದ ನಿರ್ದೇಶ ಇವೆಲ್ಲವೂ ಇರಬೇಕು. ಈ ಸ್ಮೃತಿಗೆ ಮಿತಾಕ್ಷರಾ ಎಂಬ ಪ್ರಸಿದ್ಧ ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದವನು. ಆ ಕಾಲದಲ್ಲಿ ಆದವಾನಿಯ ಸುತ್ತಣ ಪ್ರದೇಶವು ಸಿಂದವಾಡಿ ಸಾಸಿರವೆಂಬ ಹೆಸರಿನಿಂದ ಅದೇ ಚಾಲುಕ್ಯರ ಆಳ್ವಿಕೆಗೆ ಒಳಪಟ್ಟಿತ್ತು. ಆದುದರಿಂದ ಶಾಸನಧರ್ಮವು ಈ ನಾಡಿಗೆ ಹೊರಗಿನಿಂದ ಬಂದ ವಿದ್ಯೆಯಲ್ಲ. ಈ ನೆಲದ ನ್ಯಾಯಪೀಠಗಳಲ್ಲಿಯೇ ಬೆಳೆದ ವಿದ್ಯೆ.

ಸ್ಮೃತಿಕಾರರು ಇಷ್ಟಕ್ಕೇ ನಿಲ್ಲಲಿಲ್ಲ. ಬರಹದ ವಿಷಯದಲ್ಲಿ ಸಂದೇಹ ಬಂದರೆ ಅದೇ ಮನುಷ್ಯನ ಬೇರೆ ಕೈಬರಹದೊಡನೆ ಹೋಲಿಸಿ, ಯುಕ್ತಿಯಿಂದಲೂ ಇತರ ಚಿಹ್ನೆಗಳಿಂದಲೂ ಪರೀಕ್ಷಿಸಬೇಕೆಂದರು. ಸುಳ್ಳು ತಕ್ಕಡಿ, ಸುಳ್ಳು ಅಳತೆ, ಸುಳ್ಳು ನಾಣ್ಯ ಇವುಗಳ ಸಾಲಿನಲ್ಲಿಯೇ ಸುಳ್ಳು ಶಾಸನವನ್ನೂ ಇಟ್ಟು, ಅದನ್ನು ಮಾಡಿದವನಿಗೆ ಅತ್ಯಧಿಕ ದಂಡವನ್ನು ಯಾಜ್ಞವಲ್ಕ್ಯನು ವಿಧಿಸಿದ್ದಾನೆ. ಮನುವು ಇನ್ನೂ ಕಠಿನ; ರಾಜಶಾಸನವನ್ನು ಕೃತಕವಾಗಿ ರಚಿಸಿದವನಿಗೆ ಮರಣದಂಡನೆಯನ್ನೇ ಹೇಳಿದ್ದಾನೆ. ಇಂತಹ ಶಾಸನಕ್ಕೆ ಅವರು ಇಟ್ಟ ಹೆಸರು ಕೂಟಶಾಸನ. ಸುಳ್ಳು ಹೇಳುವ ಸಾಕ್ಷಿಯನ್ನು ಕೂಟಸಾಕ್ಷಿಯೆನ್ನುವಂತೆ ಇದೂ ಸಹ. ದಾನವನ್ನು ಪಡೆದವನು ಬ್ರಾಹ್ಮಣನಾಗಿದ್ದರೆ ಅಥವಾ ದೇವಾಲಯವಾಗಿದ್ದರೆ ಕೂಟಶಾಸನವು ಕ್ಷಮಾರ್ಹವೆಂಬ ವಿನಾಯಿತಿಯನ್ನು ಈ ಇಬ್ಬರೂ ಅಲ್ಲಿ ಕೊಟ್ಟಿಲ್ಲ.

ಇದು ಗ್ರಂಥದ ಮಾತಾಗಿಯೇ ಉಳಿಯಲಿಲ್ಲವೆಂಬುದಕ್ಕೆ ಹರ್ಷಚಕ್ರವರ್ತಿಯ ಮಧುಬನ ತಾಮ್ರಶಾಸನವು ಸಾಕ್ಷಿ. ಉತ್ತರ ಪ್ರದೇಶದಲ್ಲಿ ದೊರೆತ ಈ ಶಾಸನವು ಹರ್ಷಶಕ 25ರದು, ಎಂದರೆ ಕ್ರಿ.ಶ. 630-31ರ ಸುಮಾರಿನದು. ಸೋಮಕುಂಡಕವೆಂಬ ಗ್ರಾಮವನ್ನು ವಾಮರಥ್ಯನೆಂಬ ಬ್ರಾಹ್ಮಣನು ಕೂಟಶಾಸನದ ಬಲದಿಂದ ಅನುಭವಿಸುತ್ತಿದ್ದನು. ಅದು ಹರ್ಷನಿಗೆ ತಿಳಿಯಿತು. ಅವನು ಆ ತಗಡನ್ನು ಒಡೆಯಿಸಿ, ಗ್ರಾಮವನ್ನು ಹಿಂದಕ್ಕೆ ತೆಗೆದುಕೊಂಡು, ಬೇರೆ ಇಬ್ಬರು ಬ್ರಾಹ್ಮಣರಿಗೆ ದಾನಮಾಡಿದನು. ಇಲ್ಲಿ ಗಮನಿಸಬೇಕಾದ ಸೂಕ್ಷ್ಮವೊಂದಿದೆ. ರಾಜನು ದಾನಧರ್ಮವನ್ನು ಬಿಡಲಿಲ್ಲ. ಬ್ರಾಹ್ಮಣರಲ್ಲಿ ಇಟ್ಟಿದ್ದ ಗೌರವವನ್ನೂ ಬಿಡಲಿಲ್ಲ. ಸುಳ್ಳನ್ನು ಮಾತ್ರ ಒಡೆದನು. ಅಷ್ಟೇ ಅಲ್ಲ, ತಾನು ಒಡೆದ ಸಂಗತಿಯನ್ನು ಹೊಸ ಶಾಸನದಲ್ಲಿಯೇ ಬರೆಯಿಸಿದನು. ಆಸ್ತಿಕನಾದ ಅರಸನು ಕೂಟಶಾಸನದ ವಿಷಯದಲ್ಲಿ ಹೇಗೆ ನಡೆದುಕೊಂಡನೆಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಬೇಕಿಲ್ಲ.

ಹಾಗಾದರೆ ಕೂಟಶಾಸನಗಳು ಏಕೆ ಹುಟ್ಟಿದವು? ಎಲ್ಲವೂ ದುರಾಸೆಯಿಂದ ಹುಟ್ಟಿದವೆನ್ನಲಾಗದು. ಆದವಾನಿಯ ಚರಿತ್ರೆಯನ್ನೇ ನೋಡಿದರೆ ಕಾರಣವು ಹೊಳೆಯುತ್ತದೆ. ವಿಜಯನಗರದ ಅರಸರು ಆಳಿದ ಈ ದುರ್ಗವು ಬಿಜಾಪುರದ ಸುಲ್ತಾನರಿಗೆ ಹೋಯಿತು. ಅವರಿಂದ ಮೊಗಲರಿಗೆ, ಮುಂದೆ ನಿಜಾಮನ ಮನೆತನದ ಬಸಾಲತ್ ಜಂಗನಿಗೆ ಸೇರಿತು. 1786ರಲ್ಲಿ ಟಿಪ್ಪು ಸುಲ್ತಾನನು ಹಿಡಿದನು. 1800ರಲ್ಲಿ ನಿಜಾಮನು ಇತರ ಸೀಮೆಗಳೊಡನೆ ಇದನ್ನು ಇಂಗ್ಲಿಷ್ ಕಂಪನಿಗೆ ಬಿಟ್ಟುಕೊಟ್ಟನು. ಬಹುಕಾಲ ಬಳ್ಳಾರಿ ಜಿಲ್ಲೆಯಲ್ಲಿದ್ದ ಆದವಾನಿ, ಆಲೂರು ತಾಲೂಕುಗಳು 1953ರಲ್ಲಿ ಆಂಧ್ರ ರಾಜ್ಯಕ್ಕೆ ಸೇರಿದವು. ಹಿಂದಿನ ಕಾಲದಲ್ಲಿ ಹೊಸ ಪ್ರಭುವು ಬಂದಾಗಲೆಲ್ಲ ಇನಾಮುದಾರರನ್ನು ಕೇಳುತ್ತಿದ್ದುದು ಒಂದೇ ಮಾತು: ಈ ಭೂಮಿ ನಿನ್ನದೆಂಬುದಕ್ಕೆ ಆಧಾರವೇನು? ನಿಜವಾದ ಸನ್ನದು ದಂಡಿನ ಹಾವಳಿಯಲ್ಲಿ ಸುಟ್ಟುಹೋಗಿರಬಹುದು, ಗೆದ್ದಲಿಗೆ ಆಹಾರವಾಗಿರಬಹುದು. ಇಂತಹ ಸ್ಥಿತಿಯಲ್ಲಿ ಎಲ್ಲಿಯಾದರೂ ಒಬ್ಬ ಅಸಹಾಯಕನು ಹಳೆಯ ದಾನಕ್ಕೆ ಹೊಸ ಪತ್ರವನ್ನು ಸೃಷ್ಟಿಸಿ, ಹಳೆಯ ತಾರೀಖನ್ನು ಹಾಕಿದ್ದರೆ ಅವನ ಸಂಕಟವನ್ನು ಅರ್ಥಮಾಡಿಕೊಳ್ಳಬಹುದು. ಆದರೆ ಅರ್ಥಮಾಡಿಕೊಳ್ಳುವುದು ಬೇರೆ, ಒಪ್ಪುವುದು ಬೇರೆ. ಬರಹ, ಅನುಭವ, ಸಾಕ್ಷಿ ಎಂದು ಪ್ರಮಾಣಗಳು ಮೂರೆಂದು ಸ್ಮೃತಿಯೇ ಹೇಳಿದೆ. ಬರಹ ನಷ್ಟವಾದವನಿಗೆ ಉಳಿದೆರಡು ದಾರಿಗಳಿದ್ದವು. 1858ರಲ್ಲಿ ಮದರಾಸು ಆಧಿಪತ್ಯದಲ್ಲಿ ನೇಮಕವಾದ ಇನಾಮು ಕಮಿಷನ್ನು ಸಹ 50 ವರ್ಷಗಳ ಅನುಭವವನ್ನು ತೋರಿಸಿದವರ ಹಕ್ಕನ್ನು ಮಾನ್ಯಮಾಡುವ ನಿಯಮವನ್ನು ಇಟ್ಟುಕೊಂಡಿತ್ತು. ಸತ್ಯಕ್ಕೆ ದಾರಿ ಮುಚ್ಚಿರಲಿಲ್ಲ.

ಇನ್ನು ಕೆಲವು ಕೂಟಶಾಸನಗಳು ಹುಟ್ಟಿದ್ದು ಸಂಕಟದಿಂದಲ್ಲ, ಕೀರ್ತಿಯ ಆಸೆಯಿಂದ. ಇವುಗಳಲ್ಲಿ ಶಿವಮೊಗ್ಗ ಸೀಮೆಯ ಗೌಜ ಅಗ್ರಹಾರದ ತಾಮ್ರಶಾಸನವು ಬಹು ಪ್ರಸಿದ್ಧ. ಪರೀಕ್ಷಿತನ ಮಗನಾದ ಜನಮೇಜಯ ಚಕ್ರವರ್ತಿಯೇ ಸರ್ಪಯಾಗವನ್ನು ಮಾಡಿ, ಸೂರ್ಯಗ್ರಹಣದ ಕಾಲದಲ್ಲಿ ಬ್ರಾಹ್ಮಣರಿಗೆ ಭೂದಾನಮಾಡಿದನೆಂದು ಅದು ಹೇಳುತ್ತದೆ. ಕರ್ನಲ್ ಮೆಕೆಂಜಿಯ ಸಂಗ್ರಹದಿಂದ ಬಂದ ಇದನ್ನು 1807ರಲ್ಲಿ ಕೋಲ್‌ಬ್ರೂಕ್ ಎಂಬ ಸಂಸ್ಕೃತ ಪಂಡಿತನು ವಿದ್ವಾಂಸರ ಮುಂದಿಟ್ಟನು. ಅದೇ ಲೇಖನದಲ್ಲಿ ಅವನು ಕುರುಗೋಡಿನ ಶಿಲಾಶಾಸನವನ್ನೂ ಪರಿಚಯಿಸಿದ್ದನು. ಜನಮೇಜಯನ ಶಾಸನವನ್ನು ನಂಬುವಂತಿದ್ದರೆ ಭಾರತದ ಇತಿಹಾಸಕ್ಕೆ ಎಷ್ಟೋ ಉಪಕಾರವಾಗುತ್ತಿತ್ತೆಂಬ ಅಭಿಪ್ರಾಯವನ್ನು ಅವನು ಸೂಚಿಸಿದನು. ಆದರೆ ನಂಬುವುದು ಕಷ್ಟವಾಗಿತ್ತು. ದ್ವಾಪರ ಕಲಿಯುಗಗಳ ಸಂಧಿಯ ಅರಸನ ಶಾಸನವು ನಾಗರಿ ಲಿಪಿಯಲ್ಲಿ ಇರುವುದು ಹೇಗೆ? ಕರ್ನಾಟಕದ ಚಾಲುಕ್ಯ ಚಕ್ರವರ್ತಿಗಳು ಧರಿಸುತ್ತಿದ್ದ ಬಿರುದುಗಳು ಹಸ್ತಿನಾವತಿಯ ಅರಸನಿಗೆ ಬಂದುದು ಹೇಗೆ? ಮುಂದೆ ಇಂಗ್ಲೆಂಡಿನ ರಾಜಜ್ಯೋತಿಷಿಯಾಗಿದ್ದ ಏರಿ ಎಂಬವನು ಶಾಸನದಲ್ಲಿ ಹೇಳಿದ ಗ್ರಹಣವನ್ನು ಲೆಕ್ಕಹಾಕಿ, ಅದು ಕ್ರಿ.ಶ. 1521ರ ಏಪ್ರಿಲ್ 7ನೆಯ ದಿನದ ಗ್ರಹಣಕ್ಕೆ ಹೊಂದುತ್ತದೆಂದು ಹೇಳಿದನು. ಅದು ರಚಿತವಾದ ಕಾಲದ ಬಗ್ಗೆ ವಿದ್ವಾಂಸರಲ್ಲಿ ಅಭಿಪ್ರಾಯಭೇದಗಳು ಹುಟ್ಟಿದವು. ಜನಮೇಜಯನದಲ್ಲವೆಂಬುದರಲ್ಲಿ ಮಾತ್ರ ಸಂದೇಹ ಉಳಿಯಲಿಲ್ಲ.

ಇದರಿಂದ ಕೂಟಶಾಸನವನ್ನು ಕಂಡುಹಿಡಿಯುವ ಕ್ರಮವೂ ತಿಳಿಯುತ್ತದೆ. ಅಕ್ಕಸಾಲಿಯು ಬಂಗಾರವನ್ನು ಒರೆಗಲ್ಲಿಗೆ ತಿಕ್ಕುವಂತೆ ವಿದ್ವಾಂಸನು ಶಾಸನವನ್ನು ನಾಲ್ಕು ಒರೆಗಳಿಗೆ ಹಚ್ಚುತ್ತಾನೆ. ಲಿಪಿಯು ಹೇಳಿದ ಕಾಲಕ್ಕೆ ಹೊಂದುವುದೇ ಎಂಬುದು ಮೊದಲನೆಯದು. ಅಕ್ಷರಗಳ ಆಕಾರವು ತಲೆಮಾರಿನಿಂದ ತಲೆಮಾರಿಗೆ ಬದಲಾಗುತ್ತದೆ. ಭಾಷೆಯು ಹೊಂದುವುದೇ ಎಂಬುದು ಎರಡನೆಯದು. ತಿಥಿ, ವಾರ, ಗ್ರಹಣಗಳು ಪರಸ್ಪರ ಹೊಂದುವುವೇ ಎಂಬುದು ಮೂರನೆಯದು. ಆಕಾಶದ ಲೆಕ್ಕವು ಯಾರ ಮುಲಾಜಿಗೂ ಬಗ್ಗುವುದಿಲ್ಲ. ಹೆಸರು, ಬಿರುದು, ವಂಶಾವಳಿಗಳು ನಿರ್ವಿವಾದವಾದ ಇತರ ಶಾಸನಗಳೊಡನೆ ಹೊಂದುವುವೇ ಎಂಬುದು ನಾಲ್ಕನೆಯದು. ಒಂದು ಒರೆಯಲ್ಲಿ ಸೋತ ಮಾತ್ರಕ್ಕೆ ಶಾಸನವು ಕೂಟವಾಗುವುದಿಲ್ಲ. ಬರೆದವನ ಕೈತಪ್ಪೂ ಇರಬಹುದು. ಹಲವು ಒರೆಗಳಲ್ಲಿ ಸೋತರೆ ಮಾತ್ರ ತೀರ್ಪು ಹೇಳಬೇಕು.

ಕೂಟಶಾಸನದಿಂದ ಆಗುವ ಹಾನಿಯು ಎಷ್ಟು ದೂರ ಹರಿಯುತ್ತದೆಂಬುದಕ್ಕೆ ಮಡಿಕೇರಿಯ ತಾಮ್ರಶಾಸನವನ್ನು ನೋಡಬೇಕು. 1872ರಲ್ಲಿ ಪ್ರಕಟವಾದ ಈ ಶಾಸನದಲ್ಲಿ ಗಂಗರಾಜ ಅವಿನೀತನ ಹೆಸರಿದೆ. ತಳವನನಗರದ ಶ್ರೀವಿಜಯ ಜಿನಾಲಯಕ್ಕೆ ಬದಣೆಗುಪ್ಪೆ ಗ್ರಾಮವನ್ನು ಬಿಟ್ಟ ವಿಷಯವಿದೆ. ವರ್ಷವು 388 ಎಂದಿದೆ. ಅದನ್ನು ಶಕವರ್ಷವೆಂದು ಹಿಡಿದರೆ ಕ್ರಿ.ಶ. 466. ಆದರೆ ದಾನಕ್ಕೆ ಕಾರಣನಾದವನು ಅಕಾಲವರ್ಷ ಪೃಥುವೀವಲ್ಲಭನ ಮಂತ್ರಿಯೆಂದೂ ಅದು ಹೇಳುತ್ತದೆ. ಅಕಾಲವರ್ಷವೆಂಬುದು ರಾಷ್ಟ್ರಕೂಟ ಅರಸರ ಬಿರುದು. ಅವರು ಪ್ರಬಲರಾದುದು ಎಂಟನೆಯ ಶತಮಾನದಲ್ಲಿ. ಸುಳ್ಳು ಬರೆದವನು ತನ್ನ ಕಾಲಕ್ಕೆ ಹತ್ತಿರದ ಹೆಸರನ್ನು ತನಗರಿಯದೆಯೇ ಹಳೆಯ ಕಾಲಕ್ಕೆ ಒಯ್ದಿದ್ದನು.

ಈ ಒಂದು ಶಾಸನದ ಮೇಲೆ ಎಷ್ಟು ಭಾರ ಬಿದ್ದಿತ್ತು! ಅದರಲ್ಲಿ ಕೊಂಡಕುಂದಾನ್ವಯದ ಗುರುಪರಂಪರೆಯಿದೆ. ಜೈನರ ಪರಮಪೂಜ್ಯ ಆಚಾರ್ಯರಾದ ಕುಂದಕುಂದರ ಹೆಸರು ಬಂದುದು ಕೊಂಡಕುಂದೆಯೆಂಬ ಊರಿನಿಂದ. ಗುಂತಕಲ್ಲಿನ ಬಳಿಯ ಕೋನಕೊಂಡ್ಲವೇ ಆ ಊರೆಂದು ವಿದ್ವಾಂಸರು ಗುರುತಿಸುತ್ತಾರೆ. ಅದು ಆದವಾನಿಗೆ ನೆರೆಯ ಸೀಮೆ. 466ರಲ್ಲಿಯೇ ಅವರ ಅನ್ವಯದಲ್ಲಿ ಹಲವು ತಲೆಮಾರುಗಳು ಕಳೆದಿದ್ದರೆ ಆಚಾರ್ಯರು ಅದಕ್ಕೂ ಬಹುಕಾಲ ಹಿಂದಿನವರಾಗಬೇಕೆಂದು ಕೆಲವರು ವಾದಿಸಿದರು. ಆಧಾರವು ಕೂಟವೆಂದಾದ ಮೇಲೆ ಆ ವಾದದ ಕಂಬ ಕುಸಿಯಿತು. ಆಚಾರ್ಯರ ಹಿರಿಮೆಗೆ ಇದರಿಂದ ಕಿಂಚಿತ್ತೂ ಕುಂದಿಲ್ಲ. ಅವರ ಗ್ರಂಥಗಳು ಅವರ ಹಿರಿಮೆಯನ್ನು ಹೇಳುತ್ತವೆ. ಕಷ್ಟಕ್ಕೆ ಸಿಕ್ಕಿದುದು ಅವರ ಕಾಲನಿರ್ಣಯ. ಯಾವುದೋ ಒಂದು ಗ್ರಾಮದ ಹಕ್ಕಿಗಾಗಿ ಯಾರೋ ಒಬ್ಬನು ಕೊರೆಯಿಸಿದ ತಗಡು, ಶತಮಾನಗಳ ನಂತರ ಅವನು ಎಂದೂ ಊಹಿಸದಿದ್ದ ಪ್ರಶ್ನೆಯೊಂದನ್ನು ಕೆಡಿಸಿತು.

ಇದಕ್ಕಿಂತಲೂ ಹೆಚ್ಚಿನ ಅನ್ಯಾಯವು ನಡೆದುದು ಗಂಗರಾಜರ ವಿಷಯದಲ್ಲಿ. ಮೈಸೂರು ಸೀಮೆಯ ಶಾಸನಗಳನ್ನು ಊರೂರು ಸುತ್ತಿ ಸಂಗ್ರಹಿಸಿ, ಎಪಿಗ್ರಾಫಿಯ ಕರ್ನಾಟಿಕ ಎಂಬ ಸಂಪುಟಮಾಲೆಯಲ್ಲಿ ಪ್ರಕಟಿಸಿದ ಲೂಯಿಸ್ ರೈಸ್ ಅವರು ಗಂಗರ ತಾಮ್ರಶಾಸನಗಳನ್ನು ನಂಬಿ ಅವರ ಚರಿತ್ರೆಯನ್ನು ಬರೆದರು. ಕನ್ನಡ ಜಿಲ್ಲೆಗಳ ರಾಜವಂಶಗಳ ಚರಿತ್ರೆಯನ್ನು ಬರೆದ ಫ್ಲೀಟ್ ಅವರು ಆ ಶಾಸನಗಳನ್ನು ಒಂದೊಂದಾಗಿ ಪರೀಕ್ಷಿಸಿ, ಅವುಗಳಲ್ಲಿ ಬಹುಪಾಲು ಕೂಟವೆಂದರು. ಭಾರತದ ಕೂಟಶಾಸನಗಳ ಒಂದು ಪಟ್ಟಿಯನ್ನೇ ಅವರು 1901ರಲ್ಲಿ ಪ್ರಕಟಿಸಿದರು. ಅವರ ಪರೀಕ್ಷೆಯು ಬಹುಮಟ್ಟಿಗೆ ಸರಿಯಾಗಿತ್ತು. ಆದರೆ ಸುಳ್ಳುಗಳ ರಾಶಿಯನ್ನು ಕಂಡು ಅವರ ಮನಸ್ಸು ಎಷ್ಟು ಶಂಕಿತವಾಯಿತೆಂದರೆ, ಆರಂಭದ ಗಂಗರಾಜರೇ ಕಟ್ಟುಕಥೆಯೆಂಬಲ್ಲಿಗೆ ಅವರು ಹೋದರು. ನಿಜವಾಗಿ ಬದುಕಿ, ಕೆರೆ ಕಟ್ಟಿಸಿ, ದಾನಮಾಡಿ ಕಾಲವಾದ ಅರಸರು ತಮ್ಮ ಹೆಸರಿನಲ್ಲಿ ಇತರರು ಮಾಡಿದ ಸುಳ್ಳಿನಿಂದಾಗಿ ಇಲ್ಲವೇ ಇಲ್ಲವೆಂಬ ಅಪವಾದಕ್ಕೆ ಗುರಿಯಾದರು!

ಆ ಅಪವಾದವನ್ನು ಕಳೆದ ಶಾಸನವು ದೊರೆತುದು ಕರ್ನೂಲಿಗೆ ನೆರೆಯಾದ ಅನಂತಪುರ ಸೀಮೆಯ ಪೆನುಕೊಂಡೆಯಲ್ಲಿ. ಪೆನುಕೊಂಡೆಯ ತಾಮ್ರಶಾಸನವು ಗಂಗರ ಮಾಧವನದು. ಅವನ ತಂದೆಗೆ ಪಲ್ಲವ ಸಿಂಹವರ್ಮನೂ ಅವನಿಗೆ ಸ್ಕಂದವರ್ಮನೂ ಪಟ್ಟಕಟ್ಟಿದರೆಂದು ಅದು ಹೇಳುತ್ತದೆ. ಅದರ ಲಿಪಿಯು ಕಾಲಕ್ಕೆ ಹೊಂದುತ್ತಿತ್ತು. ಅದೇ ವೇಳೆಗೆ ಲೋಕವಿಭಾಗವೆಂಬ ಜೈನ ಗ್ರಂಥದಲ್ಲಿ, ಶಕ 380, ಎಂದರೆ ಕ್ರಿ.ಶ. 458, ಕಂಚಿಯ ಸಿಂಹವರ್ಮನ 22ನೆಯ ಆಳ್ವಿಕೆಯ ವರ್ಷವೆಂಬ ಉಲ್ಲೇಖವೂ ಬೆಳಕಿಗೆ ಬಂದಿತ್ತು. ಎರಡೂ ಒಂದಕ್ಕೊಂದು ಹೊಂದಿದವು. ಗಂಗರ ಶಾಸನಗಳನ್ನು ಜೀವಮಾನವೆಲ್ಲ ಸಂಶಯಿಸಿದ ಫ್ಲೀಟ್ ಅವರೇ 1915ರಲ್ಲಿ ಪೆನುಕೊಂಡೆಯ ಶಾಸನವನ್ನು ನಿಜವೆಂದು ಒಪ್ಪಿ, ಅದನ್ನು ಕ್ರಿ.ಶ. 475ರ ಸುಮಾರಿಗೆ ನಿರ್ಣಯಿಸಿದರು. ವಾದದಲ್ಲಿ ಗೆಲ್ಲುವುದಕ್ಕಿಂತ ಸತ್ಯವು ಗೆಲ್ಲುವುದು ಮುಖ್ಯವೆಂದು ಬಗೆದವರ ನಡತೆಯದು.

ಆದವಾನಿಯ ಹತ್ತಿಪೇಟೆಯನ್ನು ಬಲ್ಲವರಿಗೆ ಈ ವಿಷಯವನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಒಬ್ಬನು ಅಂಡಿಗೆಯ ಮೇಲೆ ಒಳ್ಳೆಯ ಹತ್ತಿಯನ್ನು ಹರಡಿ ಒಳಗೆ ಕೆಟ್ಟ ಹತ್ತಿಯನ್ನು ತುಂಬಿದರೆ ಅವನೊಬ್ಬನ ಹತ್ತಿಗೇ ಬೆಲೆ ಇಳಿಯುವುದಿಲ್ಲ. ಕೊಳ್ಳುವವನು ಮರುದಿನ ಆ ಊರಿನಿಂದ ಬಂದ ಪ್ರತಿಯೊಂದು ಅಂಡಿಗೆಯನ್ನೂ ಸಂಶಯದಿಂದ ಇರಿದು ನೋಡುತ್ತಾನೆ. ನಿಷ್ಠೆಯಿಂದ ಬೆಳೆದ ಬಡ ರೈತನೂ ಕಡಿಮೆ ಬೆಲೆಗೆ ಮಾರಬೇಕಾಗುತ್ತದೆ. ಕೂಟಶಾಸನವೂ ಹೀಗೆಯೇ. ಅದು ಮೊದಲು ಕೊಲ್ಲುವುದು ನಿಜವಾದ ಶಾಸನದ ಮೇಲಿನ ವಿಶ್ವಾಸವನ್ನು. ದೇವರ ಹೆಸರಿನಲ್ಲಿ ಮಾಡಿದ ಸುಳ್ಳು, ದೇವರಿಗೆ ನಿಜವಾಗಿ ದಾನಕೊಟ್ಟವರ ಪುಣ್ಯವನ್ನು ಜನರ ಕಣ್ಣಿನಿಂದ ಮರೆಮಾಡುತ್ತದೆ. ಇದು ಕಳ್ಳತನಕ್ಕಿಂತ ಹೆಚ್ಚಿನ ದೋಷ. ಏಕೆಂದರೆ ಕದ್ದ ಒಡವೆಯನ್ನು ತಿರುಗಿ ಕೊಡಬಹುದು, ಕೆಟ್ಟ ವಿಶ್ವಾಸವನ್ನು ತಿರುಗಿ ಕೊಡುವುದು ಕಠಿನ.

ಇಲ್ಲಿ ಶ್ರದ್ಧಾವಂತರು ಒಂದು ಆಕ್ಷೇಪವನ್ನು ಎತ್ತಬಹುದು. ಹಳೆಯ ಪತ್ರಗಳನ್ನೆಲ್ಲ ಹೀಗೆ ಒರೆಗೆ ಹಚ್ಚುತ್ತ ಹೋದರೆ ಜನರ ಭಕ್ತಿಯು ಸಡಿಲವಾಗುವುದಿಲ್ಲವೆ? ನಾಳೆ ಸ್ಥಳಪುರಾಣವನ್ನೂ ಸುಳ್ಳೆನ್ನುವುದಿಲ್ಲವೆ? ಈ ಅಂಜಿಕೆಯನ್ನು ಹಗುರವಾಗಿ ಕಾಣಬಾರದು. ಆದರೆ ಪುರಾಣವೂ ಶಾಸನವೂ ಒಂದೇ ಅಲ್ಲ. ಪುರಾಣವು ತನ್ನನ್ನು ಪುರಾಣವೆಂದೇ ಹೇಳಿಕೊಳ್ಳುತ್ತದೆ. ಇಲ್ಲಿ ಋಷಿಯು ತಪಸ್ಸುಮಾಡಿದನು, ಇಲ್ಲಿ ದೇವಿಯು ಒಲಿದಳು ಎಂದು ಅದು ಹೇಳುವಾಗ ಸರ್ವೆ ನಂಬರನ್ನೂ ರಾಜಮುದ್ರೆಯನ್ನೂ ತೋರಿಸುವುದಿಲ್ಲ. ಕೇಳುವವನ ಹೃದಯವನ್ನು ದೇವರ ಕಡೆಗೆ ತಿರುಗಿಸುವುದೇ ಅದರ ಕೆಲಸ. ಅದು ಯಾರನ್ನೂ ವಂಚಿಸುವುದಿಲ್ಲ. ಜನಮೇಜಯನ ಕಥೆಯನ್ನು ಹರಿಕಥೆಯಲ್ಲಿ ಕೇಳಿ ಆನಂದಿಸುವವನಿಗೆ ಯಾವ ದೋಷವೂ ಇಲ್ಲ. ಅದೇ ಜನಮೇಜಯನ ಹೆಸರನ್ನು ತಾಮ್ರದಲ್ಲಿ ಕೊರೆದು, ಎಲ್ಲೆಕಟ್ಟನ್ನು ಬರೆದು, ಈ ಭೂಮಿ ನನಗೆ ಸೇರಬೇಕೆಂದಾಗ ಪುರಾಣವು ಕೂಟಸಾಕ್ಷಿಯಾಗುತ್ತದೆ. ಪುರಾಣದ ಪಾವಿತ್ರ್ಯವನ್ನು ಕೆಡಿಸಿದವನು ಶಾಸನವನ್ನು ಪರೀಕ್ಷಿಸಿದ ವಿದ್ವಾಂಸನಲ್ಲ, ಪುರಾಣಕ್ಕೆ ಸುಳ್ಳು ಮುದ್ರೆಯೊತ್ತಿದವನು.

ಅನ್ಯಮತಗಳವರೂ ಈ ಪರೀಕ್ಷೆಯನ್ನು ದಾಟಿಬಂದಿದ್ದಾರೆ. ರೋಮಿನ ಕಾನ್‌ಸ್ಟಂಟೈನ್ ಚಕ್ರವರ್ತಿಯು ಪಶ್ಚಿಮದ ರಾಜ್ಯಾಧಿಕಾರವನ್ನು ಪೋಪರಿಗೆ ದಾನಮಾಡಿದನೆಂಬ ಪತ್ರವೊಂದನ್ನು ಯೂರೋಪಿನವರು ಬಹುಕಾಲ ನಂಬಿದ್ದರು. 1440ರಲ್ಲಿ ಲೊರೆಂಜೊ ವಾಲ್ಲ ಎಂಬ ಪಂಡಿತನು ಅದರ ಲ್ಯಾಟಿನ್ ಭಾಷೆಯನ್ನು ಪರೀಕ್ಷಿಸಿ, ಆ ಚಕ್ರವರ್ತಿಯ ಕಾಲದ್ದಲ್ಲವೆಂದು ತೋರಿಸಿದನು. ಅಂತಹ ವಾಲ್ಲನೇ ಮುಂದೆ ಪೋಪರ ಕಾರ್ಯಾಲಯದಲ್ಲಿ ಕಾರ್ಯದರ್ಶಿಯಾದನು. ಪತ್ರವು ಬಿದ್ದಿತು, ಕ್ರೈಸ್ತರ ಪ್ರಾರ್ಥನೆ ನಿಲ್ಲಲಿಲ್ಲ. ಹದಿನೇಳನೆಯ ಶತಮಾನದಲ್ಲಿ ಪಾಪೆಬ್ರೋಕ್ ಎಂಬ ಪಾದ್ರಿಯು ಬೆನೆಡಿಕ್ಟೈನ್ ಮಠಗಳ ಹಳೆಯ ದಾನಪತ್ರಗಳನ್ನು ಸಂಶಯಿಸಿದನು. ಆ ಮಠದವನೇ ಆದ ಮಾಬಿಯೋನ್ ಎಂಬ ಸನ್ಯಾಸಿಯು ಕೋಪದಿಂದ ಉತ್ತರಕೊಡಲಿಲ್ಲ. ನಿಜವಾದ ಪತ್ರವನ್ನೂ ಕೂಟಪತ್ರವನ್ನೂ ಬೇರ್ಪಡಿಸುವ ಕ್ರಮವನ್ನು ವಿವರಿಸಿ 1681ರಲ್ಲಿ ಒಂದು ಮಹಾಗ್ರಂಥವನ್ನೇ ಬರೆದನು. ಪಾಪೆಬ್ರೋಕನು ಅದನ್ನು ಓದಿ ಮೆಚ್ಚಿದನು. ಭಕ್ತನಾದವನೇ ಪರೀಕ್ಷಕನಾದುದರಿಂದ ನಿಜವಾದ ಪತ್ರಗಳು ಉಳಿದವು.

ಇನ್ನು ಹಳೆಯ ದಾಖಲೆಯು ನಿಜವಾಗಿಯೂ ನಷ್ಟವಾಗಿದ್ದರೆ ಏನು ಮಾಡಬೇಕು? ಇದಕ್ಕೆ ಉತ್ತರವು ಹರ್ಷನ ಮಿತ್ರನೂ ಕಾಮರೂಪದ ಅರಸನೂ ಆಗಿದ್ದ ಭಾಸ್ಕರವರ್ಮನ ನಿಧನಪುರ ಶಾಸನದಲ್ಲಿದೆ. ಅವನ ಪೂರ್ವಿಕನಾದ ಭೂತಿವರ್ಮನು ಬ್ರಾಹ್ಮಣರಿಗೆ ಕೊಟ್ಟಿದ್ದ ಭೂಮಿಯ ತಾಮ್ರಶಾಸನವು ಬೆಂಕಿಗೆ ಸಿಕ್ಕಿ ಹಾಳಾಗಿತ್ತು. ಭಾಸ್ಕರವರ್ಮನು ಅದೇ ದಾನವನ್ನು ಹೊಸ ತಗಡುಗಳ ಮೇಲೆ ಬರೆಯಿಸಿಕೊಟ್ಟನು. ಹಳೆಯದೆಂದು ತೋರಿಸಲು ಅಕ್ಷರಗಳನ್ನು ಹಳೆಯ ರೀತಿಯಲ್ಲಿ ತಿದ್ದಿಸಲಿಲ್ಲ. ಮೊದಲ ಶಾಸನವು ಸುಟ್ಟುಹೋದುದರಿಂದ ಈ ಅಕ್ಷರಗಳು ಬೇರೆ ಆಕಾರದಲ್ಲಿವೆ, ಆದುದರಿಂದ ಇವು ಕೂಟವಲ್ಲ ಎಂಬ ತಾತ್ಪರ್ಯವನ್ನು ಶಾಸನದ ಕೊನೆಯಲ್ಲಿಯೇ ಸೇರಿಸಿದನು. ಹೊಸತನ್ನು ಹೊಸತೆಂದು ಒಪ್ಪಿಕೊಂಡುದೇ ಅದರ ಸತ್ಯಕ್ಕೆ ಪ್ರಮಾಣವಾಯಿತು.

ಜೀರ್ಣೋದ್ಧಾರಕ್ಕೂ ಕೂಟಶಾಸನಕ್ಕೂ ಇರುವ ಭೇದವು ಇಷ್ಟೇ. ಎರಡರಲ್ಲಿಯೂ ನಷ್ಟವಾದುದನ್ನು ತುಂಬಿಕೊಡುವ ಪ್ರಯತ್ನವಿದೆ; ಎರಡರಲ್ಲಿಯೂ ಹೊಸ ಕೈ ಹಳೆಯ ವಸ್ತುವನ್ನು ಮುಟ್ಟುತ್ತದೆ. ಆದರೆ ಜೀರ್ಣೋದ್ಧಾರಮಾಡಿದವನು ಇಂತಹ ಸಂವತ್ಸರದಲ್ಲಿ ಇಂತಹವರು ಈ ಮಂಟಪವನ್ನು ಹೊಸದಾಗಿ ಕಟ್ಟಿಸಿದರೆಂದು ಕಲ್ಲಿನಲ್ಲಿ ಬರೆಯಿಸುತ್ತಾನೆ. ಕೂಟಶಾಸನಕಾರನು ತನ್ನ ಹೆಸರನ್ನು ಮರೆಸಿ, ತನ್ನ ಕಾಲವನ್ನು ಮರೆಸಿ, ಸತ್ತವರ ಬಾಯಿಂದ ತನ್ನ ಮಾತನ್ನು ಆಡಿಸುತ್ತಾನೆ. ಸತ್ಯವೊಂದಿದ್ದರೆ ಅದು ಉದ್ಧಾರ. ಸತ್ಯ ತಪ್ಪಿದರೆ ಅದೇ ವಂಚನೆ.

ಸುಳ್ಳನ್ನು ಬಯಲಿಗೆಳೆಯುವವನಿಗೂ ಒಂದು ಧರ್ಮವುಂಟು. ಆಧಾರವು ಹೇಳಿದಷ್ಟನ್ನೇ ಅವನು ಹೇಳಬೇಕು. ಒಂದು ತಗಡು ಕೂಟವೆಂದಾದರೆ ಆ ಗುಡಿಯೇ ಸುಳ್ಳು, ಆ ವಂಶವೇ ಸುಳ್ಳು ಎಂದು ಹಾರಬಾರದು. ಗಂಗರ ವಿಷಯದಲ್ಲಿ ಆದ ತಪ್ಪು ಮತ್ತೆ ಆಗಬಾರದು. ಭಕ್ತರನ್ನು ಹಾಸ್ಯಮಾಡುವುದಕ್ಕಾಗಿ ವಿದ್ಯೆಯನ್ನು ಬಳಸಬಾರದು. ಕೂಟಶಾಸನವನ್ನೂ ಎಸೆಯಬಾರದು. ಅದು ಜನಮೇಜಯನ ಕಾಲಕ್ಕೆ ಸಾಕ್ಷಿಯಲ್ಲದಿದ್ದರೂ ತಾನು ಹುಟ್ಟಿದ ಕಾಲದ ಊರುಗಳಿಗೆ, ಎಲ್ಲೆಗಳಿಗೆ, ಭಾಷೆಗೆ, ಜನರ ಆಸೆ ಅಂಜಿಕೆಗಳಿಗೆ ಸಾಕ್ಷಿಯೇ ಆಗಿದೆ.

ಕಟ್ಟುಕಥೆಯಿಂದ ಹಿರಿಮೆಯನ್ನು ತಂದುಕೊಳ್ಳಬೇಕಾದ ದಾರಿದ್ರ್ಯವು ಆದವಾನಿಯ ಸೀಮೆಗೆ ಎಂದೂ ಇಲ್ಲ. ಪತ್ತಿಕೊಂಡ ಗುತ್ತಿಗಳ ನಡುವಣ ಎರ್ರಗುಡಿಯಲ್ಲಿಯೂ, ಪತ್ತಿಕೊಂಡದ ಹತ್ತಿರದ ರಾಜುಲ ಮಂದಗಿರಿಯಲ್ಲಿಯೂ ಅಶೋಕ ಚಕ್ರವರ್ತಿಯ ಧರ್ಮಲಿಪಿಗಳು ಬಂಡೆಯ ಮೇಲಿವೆ. ಎರ್ರಗುಡಿಯಲ್ಲಿ ಕೆಲವು ಸಾಲುಗಳು ಎಡದಿಂದ ಬಲಕ್ಕೂ ಕೆಲವು ಬಲದಿಂದ ಎಡಕ್ಕೂ ಹರಿದಿವೆ. ಕೂಟಕಾರನು ಇಂತಹ ವಿಚಿತ್ರವನ್ನು ಮಾಡುವ ಧೈರ್ಯಮಾಡನು. ನಿಜವಾದ ವಸ್ತುವು ತನ್ನ ಓರೆಕೋರೆಗಳನ್ನು ಮುಚ್ಚಿಡುವುದಿಲ್ಲ. ತಾಯಿತಂದೆಯರ ಮಾತನ್ನು ನಡೆಸಬೇಕು, ಪ್ರಾಣಿಗಳಲ್ಲಿ ದಯೆಯಿರಬೇಕು, ಸತ್ಯವನ್ನು ನುಡಿಯಬೇಕು ಎಂಬುದು ಅಲ್ಲಿಯ ಬೋಧೆ. ಆದವಾನಿ ತಾಲೂಕಿನದೆಂದು ದಾಖಲಾದ ಮ್ಯಾಕದೋಣಿಯ ಬಂಡೆಯ ಮೇಲೆ ಶಾತವಾಹನ ಪುಳುಮಾವಿಯ ಕಾಲದ ಬರಹವಿದೆ. ವೇಪುರಕವೆಂಬ ಊರಿನ ಸಂಬನೆಂಬ ಗೃಹಸ್ಥನು ಒಂದು ಕೆರೆಯನ್ನು ತೋಡಿಸಿದನೆಂಬುದೇ ಅದರ ಸಾರ. ಸಂಬನು ಚಕ್ರವರ್ತಿಯಲ್ಲ, ಸರ್ಪಯಾಗವನ್ನು ಮಾಡಿದವನೂ ಅಲ್ಲ. ಆದರೆ ಅವನು ಮಾಡಿದ ಕೆಲಸ ನಿಜ, ಬರೆಯಿಸಿದ ಮಾತು ನಿಜ. ಸಾಮ್ರಾಜ್ಯಗಳು ಬಂದು ಹೋದರೂ ಅವನ ಹೆಸರನ್ನು ವಿದ್ವಾಂಸರು ಗೌರವದಿಂದ ಓದುತ್ತಾರೆ. ಪೆದ್ದತುಂಬಳದಂತಹ ಊರುಗಳಲ್ಲಿ ಚಾಲುಕ್ಯರ ಕಾಲದ ಕನ್ನಡ ಶಾಸನಗಳಿವೆ. ಮನೆಯಲ್ಲಿ ಕನ್ನಡವನ್ನೂ ಪೇಟೆಯಲ್ಲಿ ತೆಲುಗನ್ನೂ ಆಡುವ ಈ ಸೀಮೆಯ ಜನರಿಗೆ ಎರಡು ಭಾಷೆಗಳ ಹಳೆಯ ಲಿಪಿಯು ಒಂದೇ ಆಗಿತ್ತೆಂಬುದನ್ನು ಇಂತಹ ಕಲ್ಲುಗಳೇ ತಿಳಿಸುತ್ತವೆ.

ಆದುದರಿಂದ ಜೀರ್ಣೋದ್ಧಾರಕ್ಕೆ ಕೈಹಾಕಿದ ಧರ್ಮಕರ್ತರು ಕೆಲವು ವಿಷಯಗಳಲ್ಲಿ ಎಚ್ಚರವಾಗಿರಬೇಕು. ಅಕ್ಷರವಿರುವ ಕಲ್ಲನ್ನು ಉಳಿಯಿಂದ ಕೆತ್ತಿ ನಯಮಾಡಬಾರದು, ಬಣ್ಣ ಬಳಿಯಬಾರದು, ಮೆಟ್ಟಿಲಿಗೆ ಹಾಕಬಾರದು. ಮಾಸಿದ ಅಕ್ಷರವನ್ನು ತಮಗೆ ತೋಚಿದಂತೆ ತಿದ್ದಿ ಕೊರೆಯಿಸಬಾರದು. ಒಳ್ಳೆಯ ಮನಸ್ಸಿನಿಂದ ತಿದ್ದಿದರೂ ನಿಜವಾದ ಶಾಸನವು ಅರ್ಧ ಕೂಟವಾಗುತ್ತದೆ. ಶಾಸನವನ್ನು ಓದಬಲ್ಲವರಿಗೆ ತೋರಿಸಿ ಪ್ರತಿ ತೆಗೆಯಿಸಬೇಕು. ಪುರಾತತ್ತ್ವ ಇಲಾಖೆಯ ಶಾಸನಶಾಖೆಯು ಮೈಸೂರಿನಲ್ಲಿದೆ. ಓದಿದವರು ನೂರು ವರ್ಷದ ಗುಡಿಯೆಂದರೆ ನೂರು ವರ್ಷದ ಗುಡಿಯೆಂದೇ ಫಲಕದಲ್ಲಿ ಬರೆಯಿಸಬೇಕು. ಸಾವಿರ ವರ್ಷವೆಂದು ಬರೆದರೆ ದೇವರ ಸಾನ್ನಿಧ್ಯವು ಹೆಚ್ಚುವುದಿಲ್ಲ. ನೂರೆಂದು ಬರೆದರೆ ಕಡಿಮೆಯಾಗುವುದಿಲ್ಲ. ನಿನ್ನೆ ಪ್ರತಿಷ್ಠೆಯಾದ ಮೂರ್ತಿಯ ಮುಂದೆ ಸುರಿಸಿದ ಕಣ್ಣೀರೂ ಅವನಿಗೆ ಮುಟ್ಟುತ್ತದೆಂಬುದು ಆಸ್ತಿಕರ ನಂಬುಗೆಯಲ್ಲವೆ?

ಸತ್ಯವೇ ದೇವರೆಂದು ಎಲ್ಲ ಸಂಪ್ರದಾಯಗಳ ಹಿರಿಯರೂ ಹೇಳಿರುವರು. ಆ ಮಾತು ನಿಜವಾದರೆ ಸುಳ್ಳು ಪತ್ರವನ್ನು ದೇವರ ಪಾದದಲ್ಲಿ ಇಡುವುದು ಕೊಳೆತ ಹೂವನ್ನು ಏರಿಸಿದಂತೆ. ದಾತೃವಿನ ಹೆಸರು ಗೊತ್ತಿದ್ದರೆ ಅದನ್ನು ಕೃತಜ್ಞತೆಯಿಂದ ಬರೆಯಲಿ. ಗೊತ್ತಿಲ್ಲದಿದ್ದರೆ ಹೆಸರಿಲ್ಲದ ಪುಣ್ಯಾತ್ಮನೊಬ್ಬನು ಇದನ್ನು ಕಟ್ಟಿಸಿದನೆಂದು ಬರೆಯಲಿ. ಆ ಖಾಲಿ ಜಾಗವೂ ಒಂದು ನಮಸ್ಕಾರವೇ. ಹೊಸ ಗೋಪುರದ ಕಲಶದೊಡನೆ ಇಂತಹ ಸತ್ಯನಿಷ್ಠೆಯೂ ಊರಿನಲ್ಲಿ ಪ್ರತಿಷ್ಠಿತವಾಗಲಿ. ಮುಂದೆ ಈ ಕಲ್ಲುಗಳನ್ನು ಓದುವ ಮಕ್ಕಳು ಇಲ್ಲಿಯ ಮಾತನ್ನು ಸಂಶಯವಿಲ್ಲದೆ ನಂಬುವಂತಾಗಲಿ.